ಎಲ್ಲರೂ ನಕ್ಕ ದಿನ

ಆ ಊರಿನಲ್ಲಿ ಸೂರ್ಯನಿಗೆ ಹೇಳುವವರು ಕೇಳುವವರು ಯಾರೂ ಇರಲಿಲ್ಲ. ಮನಸ್ಸು ಬಂದಾಗ ಹುಟ್ಟುತ್ತಿದ್ದ, ಬೇಸರ ಬಂದಾಗ ಮುಳುಗುತ್ತಿದ್ದ. ಒಂದು ದಿನ ಒಲೆ ಹಚ್ಚಿ ಆರಿಸುವುದರೊಳಗೆ ಕತ್ತಲಾದರೆ, ಇನ್ನೊಂದು ದಿನ ಎರಡು ಸಲ ಉಂಡು ಮಲಗಿ ಎದ್ದರೂ ಬಿಸಿಲು ಅಂಗಳ ಬಿಟ್ಟು ಕದಲುತ್ತಿರಲಿಲ್ಲ. ಇಂಥ ಸೂರ್ಯನನ್ನು ನಂಬಿಕೊಂಡು ದಿನ ಎಣಿಸಲು ಹೊರಟ ಹಿರಿಯರು ಸುಸ್ತು ಹೊಡೆದು, ಎಣಿಕೆಯ ಸಹವಾಸವೇ ಬೇಡವೆಂದು, ಒಂದೊಂದು ದಿನಕ್ಕೂ ಒಂದೊಂದು ಹೆಸರಿಡುವ ಪದ್ಧತಿ ತಂದರು. ಮಗುವಿಗೆ ಹುಟ್ಟಿದ ಮೇಲೆ ಹೆಸರು, ದಿನಕ್ಕೆ ಮುಗಿದ ಮೇಲೆ ಹೆಸರು. ವ್ಯತ್ಯಾಸ ಅಷ್ಟೇ.

ಗೋಪುರದ ದೀಪ ಹತ್ತಿತೆಂದರೆ ದಿನ ಮುಗಿಯಿತು ಎಂದರ್ಥ. ಆಗ ದಿನದ ಮನೆಯಲ್ಲಿ ಕೂತ ಹೆಸರಮ್ಮ, ಬೆಳಗಿನಿಂದ ಊರವರು ಬಂದು ಹೇಳಿಹೋದ ಸುದ್ದಿಗಳನ್ನೆಲ್ಲ ತೂಗಿ ನೋಡಿ, ಊರಿಗೆಲ್ಲ ಸಲ್ಲುವ ಒಂದು ಹೆಸರನ್ನು ಹಸಿಮಣ್ಣಿನ ಹಂಚಿನ ಮೇಲೆ ಕಬ್ಬಿಣದ ಕಡ್ಡಿಯಿಂದ ಗೀರುತ್ತಿದ್ದಳು. ಹಂಚು ಆವಿಗೆಯ ಬೆಂಕಿಯಲ್ಲಿ ಸುಟ್ಟು, ಆರಿ, ಗೋಡೆಯ ಮೊಳೆಗೆ ಏರುತ್ತಿತ್ತು. ಹೊಳೆಯ ದಡದ ಮರಗಳು ಒಮ್ಮೆ ಎಲೆ ಉದುರಿಸಿದಲ್ಲಿಂದ ಮತ್ತೊಮ್ಮೆ ಉದುರಿಸುವವರೆಗಿನ ಹಂಚುಗಳಿಗೆಲ್ಲ ಒಂದು ಗೋಡೆ. ಹಾಗಾಗಿ ಅಲ್ಲಿ ವಯಸ್ಸು ಕೇಳುವುದೂ "ನಿಂಗೆಷ್ಟು ಗೋಡೆ?" ಎಂದೇ. "ನಮ್ಮ ಮದುವೆ ಆಗಿದ್ದು ಕತ್ತೆ ಬಾವಿಗೆ ಬಿದ್ದ ದಿನ" ಎಂದು ಗಂಡ ನಾಲ್ಕು ಜನರ ಮುಂದೆ ಹೇಳಿದರೆ ಹೆಂಡತಿ ಮುನಿಸಿಕೊಳ್ಳುವಂತಿರಲಿಲ್ಲ. ಹಂಚಿನಲ್ಲಿ ಇದ್ದದ್ದೇ ಹಾಗೆ.

ಒಮ್ಮೆ ಗೀರಿದ ಹೆಸರನ್ನು ಒರೆಸುವಂತಿಲ್ಲ, ತಿದ್ದುವಂತಿಲ್ಲ. ಒಂದೇ ಒಂದು ದಾರಿ ಇತ್ತು. ಹೆಸರು ಸುಳ್ಳೆಂದು ಕಂಡರೆ ಸುಡುವವನು ಹಂಚನ್ನು ಒಡೆದು ಹಾಕಬಹುದು. ಒಡೆದರೆ ಆ ದಿನಕ್ಕೆ ಬೇರೆ ಹೆಸರಿಲ್ಲ, ಗೋಡೆಯ ಮೇಲೆ ಬರಿ ಮೊಳೆ ಉಳಿಯುತ್ತದೆ. ಬರಿ ಮೊಳೆಯ ದಿನ ಹುಟ್ಟಿದವರು ಹುಟ್ಟಿದ ದಿನ ಹೇಳಲಾರರು, ಸತ್ತವರನ್ನು ನೆನೆಯುವವರು ಯಾವ ದಿನ ಎಂದು ನೆನೆಯಲಾರರು. ಅಂಥ ದಿನ ಹುಟ್ಟಿದ ಒಬ್ಬ ಮುದುಕ ಊರಿನಲ್ಲಿದ್ದ. ಯಾರಾದರೂ ಕೇಳಿದರೆ ಗೋಡೆಯ ಕಡೆ ಬೆರಳು ತೋರಿಸಿ ಬೇರೆ ಮಾತು ತೆಗೆಯುತ್ತಿದ್ದ.

ಹೆಸರಮ್ಮನ ಗಂಡನೇ ಹಂಚು ಸುಡುವವನು. "ಹೆಂಡ್ತಿ ಗೀಚ್ತಾಳೆ, ಗಂಡ ಸುಡ್ತಾನೆ, ಮನೇಲೂ ಇದೇ ಕಥೆನಾ?" ಎಂದು ಊರವರು ರೇಗಿಸುತ್ತಿದ್ದರು. ಅವನು ಮಾತಿಗೆ ಬಡವ. ಒಂದು ಸಲ ಕೆಮ್ಮಿ, ಅದನ್ನೇ ಉತ್ತರ ಎಂದುಕೊಳ್ಳಿ ಎನ್ನುವಂತೆ ನೋಡುತ್ತಿದ್ದ. ಅವನ ಬಾಯಿಗೆ ಬರಬೇಕಾಗಿದ್ದ ಮಾತೆಲ್ಲ ಮಗಳ ಬಾಯಿಗೆ ಹೋಗಿತ್ತು. ಏಳು ಗೋಡೆಯ ಹುಡುಗಿ, ಮನೆಯಲ್ಲೂ ಬೀದಿಯಲ್ಲೂ ಅವಳಿಗೆ ಚಿನಕುರಳಿ ಎಂದೇ ಹೆಸರು. ಹೆಸರಮ್ಮ ಪ್ರತಿ ಸಂಜೆ ಮನೆಗೆ ಬಂದವಳು ಮೊದಲು ಮಗಳ ಕಿವಿಯಲ್ಲಿ ದಿನದ ಹೆಸರು ಹೇಳಬೇಕು, ಆಮೇಲೆ ಆ ಹೆಸರಿನ ಹಿಂದಿನ ಕಥೆ ಹೇಳಬೇಕು. ಗಂಡ ಹಂಚು ಸುಟ್ಟು ಮನೆಗೆ ಬಂದಾಗ ಅವನಿಗೆ ಹೆಸರು ಗೊತ್ತಿರುತ್ತಿತ್ತು, ಕಥೆ ಗೊತ್ತಿರುತ್ತಿರಲಿಲ್ಲ. ಕಥೆ ಹೇಳುವ ಹಕ್ಕು ಚಿನಕುರಳಿಯದು. ಅಪ್ಪನ ತೊಡೆ ಏರಿ, ಇದ್ದದ್ದಕ್ಕೆ ಇಲ್ಲದ್ದು ಸೇರಿಸಿ, ಕೈ ಬೀಸಿ ಕಣ್ಣರಳಿಸಿ ಹೇಳುತ್ತಿದ್ದಳು. ಅವನು ಕೆಮ್ಮುವುದನ್ನೂ ಮರೆತು ಕೇಳುತ್ತಿದ್ದ.

ಆವಿಗೆಯ ಮನೆ ಇದ್ದದ್ದು ಹೊಳೆಯ ಆಚೆ ದಡದಲ್ಲಿ, ನೆಲದೊಳಗೆ. ಗಾಳಿ ಬಿಸಿಲು ತಗುಲಿದರೆ ಹಸಿ ಹಂಚು ಬಿರಿಯುತ್ತದೆಂದು ಕಿಟಕಿ ಇಟ್ಟಿರಲಿಲ್ಲ. ಒಳಹೋಗುವ ಓಣಿಯನ್ನೂ ಎರಡು ಕಡೆ ಸೊಟ್ಟಗೆ ಕೊರೆದಿದ್ದರು. ಒಳಗೆ ಕೂತವನಿಗೆ ಹೊತ್ತು ಹುಟ್ಟಿದ್ದೂ ತಿಳಿಯದು, ಮುಳುಗಿದ್ದೂ ತಿಳಿಯದು. ಬೆಳಿಗ್ಗೆ ಬೆಂಕಿ ಹಾಕಿ, ಸೌದೆ ಕುಸಿದು ಕೆಂಡವಾದ ಮೇಲೆ ಒಮ್ಮೆ ಮನೆಗೆ ಬಂದು ಮಗಳ ಪಕ್ಕ ಸ್ವಲ್ಪ ಹೊತ್ತು ಒರಗಿ ಹೋಗುವುದು ಅವನ ಪದ್ಧತಿ. ಸಂಜೆ ದಿನದ ಮನೆಯ ಆಳು ಕಿವುಡಜ್ಜ ಹಂಚು ತಂದು ಓಣಿಯ ಬಾಯಲ್ಲಿಟ್ಟು ಹಗ್ಗ ಎಳೆದರೆ ಒಳಗೆ ಗಂಟೆ ಬಾರಿಸುತ್ತಿತ್ತು. ಅದೇ ಅವನ ಸೂರ್ಯಾಸ್ತ. ಹಂಚು ಕೈಗೆ ಬಂದಮೇಲೆ ಅದು ಬೆಂಕಿಯೊಳಗೆ ಗಟ್ಟಿಯಾಗುವವರೆಗೆ ಅವನು ಅಲ್ಲಿಂದ ಏಳುವಂತಿರಲಿಲ್ಲ.

ಆ ದಿನಕ್ಕೆ ಮುಂಚೆ ಚಿನಕುರಳಿಗೆ ಕೆಲವು ದಿನದಿಂದ ಜ್ವರ. ಅವತ್ತು ಬೆಳಿಗ್ಗೆ ಮೈ ತಣ್ಣಗಿತ್ತು. ಗಂಜಿ ಬೇಡ ಎಂದು ಅಜ್ಜಿಯ ಜೊತೆ ಜಗಳವಾಡುವಷ್ಟು ಚೈತನ್ಯ ಬಂದಿತ್ತು.

"ಜಗಳ ಶುರುವಾಯ್ತಲ್ಲ, ಇನ್ನು ಭಯ ಇಲ್ಲ. ನೀನು ನಡಿ, ನಾನಿದೀನಲ್ಲ," ಎಂದರು ಅತ್ತೆ.

ಹೆಸರಮ್ಮ ನೆಮ್ಮದಿಯಾಗಿ ಕೆಲಸಕ್ಕೆ ಹೋದಳು.

ಹೊತ್ತು ಏರುವಷ್ಟರಲ್ಲಿ ಪೇಟೆಯಲ್ಲಿ ನಡೆಯಬಾರದ್ದು ನಡೆಯಿತು. ಊರಿನ ಅಧ್ಯಕ್ಷರು ನಗದ ಮನುಷ್ಯ. ಅವರ ಮುಖ ನೋಡಿದರೆ ಹಾಲು ಒಡೆಯುತ್ತದೆ ಎಂದು ಹೆಂಗಸರು ಆಡಿಕೊಳ್ಳುತ್ತಿದ್ದರು. ಅವತ್ತು ಬಣ್ಣಗಾರರ ಬೀದಿಗೆ ತಪಾಸಣೆಗೆ ಬಂದಿದ್ದರು. ನೆಲದಲ್ಲಿ ಹೂತ ಬಣ್ಣದ ಕೊಪ್ಪರಿಗೆಗಳಿಗೆ ಗಟ್ಟಿ ಮುಚ್ಚಳ ಇರಬೇಕು ಎನ್ನುವುದು ಅವರದೇ ಕಾನೂನು. "ಮುಚ್ಚಳ ಅಂದ್ರೆ ಹೀಗಿರ್ಬೇಕು, ಎಲ್ರೂ ನೋಡ್ಕೊಳ್ಳಿ" ಎಂದು ಒಂದು ಮುಚ್ಚಳದ ಮೇಲೆ ಹತ್ತಿ ನಿಂತು, ನಂಬಿಕೆ ಬರಲೆಂದು ಒಂದು ಸಲ ಕುಣಿದರು. ಲಟಕ್ಕನೆ ಮುರಿಯಿತು. ಅಧ್ಯಕ್ಷರು ಕುತ್ತಿಗೆವರೆಗೆ ನೀಲಿ. ಯಜಮಾನನನ್ನು ಕಾಪಾಡಲು ಅವರ ನಾಯಿಯೂ ಹಾರಿ, ಮೇಲೆ ಬಂದು ಮೈ ಕೊಡವಿ, ನೋಡಲು ನಿಂತವರಿಗೆಲ್ಲ ಬಣ್ಣ ಹಂಚಿತು. ಜನ ಉಸಿರು ಬಿಗಿಹಿಡಿದರು. ಅಧ್ಯಕ್ಷರು ಕೊಪ್ಪರಿಗೆಯೊಳಗಿಂದಲೇ, ಮುಖದ ಒಂದು ಗೆರೆಯೂ ಅಲುಗದೆ, "ಮುಚ್ಚಳ ಸರಿಯಿಲ್ಲ" ಎಂದರು. ಹೇಳಿದ ಮಾತು ಅವರ ಕಿವಿಗೇ ಬಿದ್ದು ಅವರಿಗೇ ನಗು ಬಂತು. ಅಧ್ಯಕ್ಷರು ನಕ್ಕ ಮೇಲೆ ಕೇಳಬೇಕೆ, ಬೀದಿಗೆ ಬೀದಿಯೇ ಹೊಟ್ಟೆ ಹಿಡಿದುಕೊಂಡು ಕೂತಿತು.

ದಿನದ ಮನೆಗೆ ಜನ ಸಾಲುಗಟ್ಟಿ ಬಂದರು. ಹಾವು ಮುಂಗುಸಿಯಂತಿದ್ದ ಇಬ್ಬರು ಅಂಗಡಿಯವರು ಒಬ್ಬರ ಹೆಗಲ ಮೇಲೊಬ್ಬರು ಕೈ ಹಾಕಿಕೊಂಡು ಬಂದು ಹೇಳಿಹೋದರು. ಗಂಡ ತೀರಿಕೊಂಡ ಮೇಲೆ ತುಟಿ ಬಿಚ್ಚದಿದ್ದ ರೊಟ್ಟಿಯಂಗಡಿಯವಳು ಕೂಡ ಬಂದು, ನಡುವೆ ನಗು ತಡೆಯಲಾಗದೆ ಅರ್ಧ ಹೇಳಿ ಎದ್ದುಹೋದಳು. ಹೆಸರು ತಾನಾಗಿ ಬಂದು ಹೆಸರಮ್ಮನ ಕೈಯಲ್ಲಿ ಕೂತಿತು. ಎಲ್ಲರೂ ನಕ್ಕ ದಿನ. ಇಷ್ಟು ಒಳ್ಳೆಯ ಹೆಸರು ಅವಳ ಕೈಯಿಂದ ಯಾವತ್ತೂ ಬಂದಿರಲಿಲ್ಲ.

ಆದರೆ ಸೂರ್ಯ ಮುಳುಗುವ ಲಕ್ಷಣ ಇರಲಿಲ್ಲ. ಗೋಪುರದ ದೀಪದವನು ಕಟ್ಟೆಯ ಮೇಲೆ ಗೊರಕೆ ಹೊಡೆಯುತ್ತಿದ್ದ. ಹೆಸರಮ್ಮ ಕಾದಳು. ಮನೆಯಲ್ಲಿ ಚಿನಕುರಳಿ ಇದನ್ನು ಕೇಳಿ ಹೇಗೆ ನಗುತ್ತಾಳೆ ಎಂದು ನೆನೆದು ನೆನೆದು ಕಾಲು ಕುಣಿಯತೊಡಗಿತು. ಇವತ್ತು ಇದಕ್ಕಿಂತ ದೊಡ್ಡದು ಇನ್ನೇನು ತಾನೇ ಆಗಲು ಸಾಧ್ಯ ಎಂದುಕೊಂಡಳು. ಕೂಸು ಹುಟ್ಟುವ ಮೊದಲೇ ಕುಲಾವಿ ಹೊಲಿಯಬೇಡ ಎಂದು ಈ ಕೆಲಸ ಕಲಿಸಿದ ಹಿಂದಿನ ಹೆಸರಮ್ಮ ದಿನಕ್ಕೊಂದು ಸಲ ಹೇಳುತ್ತಿದ್ದರು. ಆ ಮಾತು ನೆನಪಾಗದೇ ಇರಲಿಲ್ಲ. ಆದರೂ ಕಡ್ಡಿ ತೆಗೆದುಕೊಂಡಳು. ಹಗಲು ಬೆಳಕಿನಲ್ಲಿ ಹೆಸರು ಗೀರಿ, ಹಂಚಿಗೆ ಬಟ್ಟೆ ಮುಚ್ಚಿ, ಕಿವುಡಜ್ಜನ ಕೈಯಲ್ಲಿಟ್ಟು ಹೊಳೆಯ ಕಡೆ ಕೈ ತೋರಿಸಿದಳು. ಕಿವುಡಜ್ಜ ಆಕಾಶ ನೋಡಿದ, ಅವಳ ಮುಖ ನೋಡಿದ. ಅವಳು ನಕ್ಕಳು. ಅವನೂ ನಕ್ಕು ಹೊರಟ.

ಮನೆಗೆ ಬಂದರೆ ಜ್ವರ ಮತ್ತೆ ಏರಿತ್ತು. ಅತ್ತೆ ಒದ್ದೆ ಬಟ್ಟೆ ಬದಲಿಸುತ್ತ ಕೂತಿದ್ದರು. ಹುಡುಗಿಯ ತುಟಿ ಒಣಗಿತ್ತು, ಕಣ್ಣು ಮಾತ್ರ ಹಾಗೇ ಇತ್ತು.

"ಇಷ್ಟು ಬೇಗ ಬಂದ್ಯಾ? ಹೆಸರೇನು?"

ಹೆಸರಮ್ಮ ಕಿವಿಯಲ್ಲಿ ಹೇಳಿದಳು. ಆಮೇಲೆ ಕಥೆ ಹೇಳಿದಳು. ಎದ್ದು ನಿಂತು ಅಧ್ಯಕ್ಷರಂತೆ ಹೊಟ್ಟೆ ಮುಂದೆ ಮಾಡಿ ಕುಣಿದಳು, ನಾಯಿಯಂತೆ ಮೈ ಕೊಡವಿದಳು, ಮುಖ ಗಂಟು ಹಾಕಿ "ಮುಚ್ಚಳ ಸರಿಯಿಲ್ಲ" ಎಂದಳು. ಚಿನಕುರಳಿ ನಕ್ಕಳು. ಅದು ದೊಡ್ಡ ನಗುವೇನಲ್ಲ, ಉಸಿರಿನಲ್ಲೇ ಬಂದು ಉಸಿರಿನಲ್ಲೇ ಹೋಯಿತು. ಆದರೆ ನಕ್ಕಳು.

"ಅಪ್ಪಂಗೆ ನಾನೇ ಹೇಳ್ತೀನಿ. ನೀನು ಬಾಯಿ ಬಿಡ್ಬಾರ್ದು. ಆಣೆ ಹಾಕು."

ಹೆಸರಮ್ಮ ಆಣೆ ಹಾಕಿದಳು.

"ಅಪ್ಪ ಯಾವಾಗ ಬರ್ತಾರೆ?"

"ಇದೇ ಹೊತ್ತಿಗೆ ಬರೋದಲ್ವಾ, ಈಗ ಬರ್ತಾರೆ."

ನಿಜವಾಗಿ ಅವನು ಬರುವ ಹೊತ್ತು ಅದೇ. ಕೆಂಡ ಕುಸಿದಿರಬೇಕು, ಹೊಳೆಯ ಹಲಗೆ ದಾಟುತ್ತಿರಬೇಕು. ಹುಡುಗಿ ಬಾಗಿಲ ಕಡೆ ಮುಖ ಮಾಡಿ ಮಲಗಿದಳು. ಉಸಿರು ಬೇಗ ಬೇಗ ಆಗತೊಡಗಿತು. ಅತ್ತೆ ಔಷಧಿಯವರನ್ನು ಕರೆಯಲು ಹೋದರು. "ಬಂದ್ರಾ?" ಎಂದು ಹುಡುಗಿ ಕೇಳಿದಳು. "ಹಲಗೆ ದಾಟಿದ್ರು" ಎಂದಳು ಹೆಸರಮ್ಮ. ಮತ್ತೆ ಕೇಳಿದಳು. "ಬಣ್ಣಗಾರರ ಬೀದಿಗೆ ಬಂದ್ರು." ಮತ್ತೆ. "ಬೀದಿ ತಿರುವಲ್ಲಿದಾರೆ ಕಣಮ್ಮ." ಹೀಗೆ ಗಂಡನನ್ನು ಹೆಜ್ಜೆ ಹೆಜ್ಜೆಯಾಗಿ ಮನೆ ಹತ್ತಿರಕ್ಕೆ ತರುತ್ತಿದ್ದವಳು ಬಾಗಿಲಾಚೆ ಬೀದಿಯನ್ನು ನೋಡಿದಳು. ಬೀದಿ ತುಂಬ ಬಿಸಿಲಿತ್ತು. ಆಗ ಅವಳಿಗೆ ಹೊಳೆಯಿತು. ಹಂಚು.

ಹಂಚು ಹೋಗಿ ಎಷ್ಟೋ ಹೊತ್ತಾಗಿತ್ತು. ಕೆಂಡ ಕುಸಿಯುವ ಮೊದಲೇ ಆವಿಗೆಯ ಮನೆಯಲ್ಲಿ ಗಂಟೆ ಬಾರಿಸಿತ್ತು. ಇವತ್ತಿನ ದಿನ ಗಿಡ್ಡ, ಆಗಲೇ ಸಂಜೆಯಾಯಿತು, ಮನೆಗೆ ಹೋಗಿಬರುವ ಹೊತ್ತು ತಪ್ಪಿತು ಎಂದುಕೊಂಡು ಅವನು ಹಂಚಿನ ಮುಂದೆ ಕೂತಿರುತ್ತಾನೆ. ಬರುವುದಿಲ್ಲ.

ಅವಳು ಬಾಗಿಲಿಗೆ ಓಡಿ, ಎದುರು ಮನೆಯ ನೇಯ್ಗೆಯವಳನ್ನು ಕೂಗಿ ಆವಿಗೆಯ ಮನೆಗೆ ಓಡಿಸಿದಳು. ತಿರುಗಿ ಬಂದು ಮಗಳನ್ನು ತೊಡೆಯ ಮೇಲೆ ಎಳೆದುಕೊಂಡಳು. "ಬಂದ್ರಾ?" ಎಂದಿತು ಮಗು. "ಬಂದ್ರು. ಕಾಲು ತೊಳೀತಿದಾರೆ," ಎಂದಳು ತಾಯಿ. ಚಿನಕುರಳಿ ಕಥೆ ಶುರು ಮಾಡುವವಳಂತೆ ಬಾಯಿ ತೆರೆದಳು. ಔಷಧಿಯವರು ಒಳಗೆ ಬರುವಷ್ಟರಲ್ಲಿ ಎಲ್ಲ ಮುಗಿದಿತ್ತು. ಸೂರ್ಯ ಇಳಿದು ಗೋಪುರದಲ್ಲಿ ದೀಪ ಹತ್ತಿದ್ದು ಅದಾದ ಎಷ್ಟೋ ಹೊತ್ತಿಗೆ. ಹಂಚನ್ನು ಬೆಂಕಿಯಲ್ಲೇ ಬಿಟ್ಟು ನೇಯ್ಗೆಯವಳ ಹಿಂದೆ ಓಡಿಬಂದ ಗಂಡ ಮನೆಯೊಳಗೆ ಕಾಲಿಟ್ಟಾಗ ಅವನ ಕೈ ಮೊಣಕೈವರೆಗೂ ಮಸಿಯಾಗಿತ್ತು. ಆ ಕೈಯಲ್ಲಿ ಮಗಳನ್ನು ಮುಟ್ಟಲು ಹೆದರಿ, ತೊಳೆದುಕೊಂಡು ಬಂದು ಮುಟ್ಟಿದ.

ಮಾರನೆಯ ದಿನ ಮಣ್ಣು ಮಾಡಿದರು. ಊರೆಲ್ಲ ಬಂದಿತ್ತು. ಅಧ್ಯಕ್ಷರೂ ಬಂದಿದ್ದರು. ಎಷ್ಟು ಉಜ್ಜಿದರೂ ಬಣ್ಣ ಬಿಟ್ಟಿರಲಿಲ್ಲ. ನೀಲಿ ಮುಖ, ನೀಲಿ ಕಿವಿ, ಹಿಂದೆ ತಲೆ ತಗ್ಗಿಸಿದ ನೀಲಿ ನಾಯಿ. ಯಾರಿಗೂ ನಗು ಬರಲಿಲ್ಲ. ಅವರು ಮಾತ್ರ ತಮ್ಮ ಮುಖವೇ ಅಪರಾಧ ಎನ್ನುವಂತೆ ಜನರ ಹಿಂದೆ ಹಿಂದೆ ಸರಿಯುತ್ತಿದ್ದರು. ಅಂದಿನ ಹಂಚನ್ನು ಬೇರೆ ಯಾರೋ ಬರೆದರು. ಹಿಂದಿನ ದಿನದ್ದು ಮಾತ್ರ ಇನ್ನೂ ಆವಿಗೆಯೊಳಗೆ ಆರುತ್ತಿತ್ತು.

ಸುದ್ದಿ ಊರಿನಲ್ಲಿ ಹಬ್ಬಿತ್ತು. ಹೆಸರು ದೀಪಕ್ಕೆ ಮೊದಲೇ ಬರೆದದ್ದು. ಹಾಗೆ ಬರೆದ ಹೆಸರು ಊರ್ಜಿತವೋ ಅಲ್ಲವೋ ಹಿರಿಯರಲ್ಲಿ ಯಾರಿಗೂ ಗೊತ್ತಿರಲಿಲ್ಲ, ಯಾಕೆಂದರೆ ಹಿಂದೆ ಯಾರೂ ಹಾಗೆ ಬರೆದಿರಲಿಲ್ಲ. ಕೊನೆಗೆ ಅಧ್ಯಕ್ಷರು, "ಸುಡೋನ ಕೈ ಹೇಳ್ದಂಗೆ ಆಗ್ಲಿ. ಒಡೀಬೇಕು ಅನ್ಸಿದ್ರೆ ಒಡೀಲಿ, ನಾವು ಯಾಕೆ ಅಂತ ಕೇಳಲ್ಲ," ಎಂದರು. ಆವಿಗೆ ತೆರೆಯುವ ಬೆಳಿಗ್ಗೆ ಅವರೂ ಇನ್ನಿಬ್ಬರು ಹಿರಿಯರೂ ಓಣಿಯ ಬಾಯಲ್ಲಿ ಹೋಗಿ ನಿಂತರು. ಹೆಸರಮ್ಮ ಅವರನ್ನು ದಾಟಿ ಒಳಗೆ ಹೋದಳು.

ಗಂಡ ಹಂಚನ್ನು ತೊಡೆಯ ಮೇಲಿಟ್ಟುಕೊಂಡು ಕೂತಿದ್ದ. ಚೆನ್ನಾಗಿ ಸುಟ್ಟಿತ್ತು, ಒಂದು ಬಿರುಕಿಲ್ಲ. ಪಕ್ಕದಲ್ಲಿ ಸುತ್ತಿಗೆ ಇತ್ತು.

"ಹಂಚು ಬೇಗ ಬಂತು," ಎಂದ. "ದಿನ ಗಿಡ್ಡ ಅಂದ್ಕೊಂಡೆ."

"ಗಿಡ್ಡ ಇರ್ಲಿಲ್ಲ ರೀ. ಬಿಸಿಲಿತ್ತು. ನಾನೇ ಮೊದಲೇ ಬರೆದೆ. ಬೇಗ ಮನೆಗೆ ಹೋಗೋಣ ಅಂತ."

ಅವನು ಹಂಚಿನ ಮೇಲಿನ ಬೂದಿ ಒರೆಸಿದ. ಅವಳು ನಿಂತೇ ಇದ್ದಳು. ಬೈದರೆ ಒಳ್ಳೆಯದು, ಹೊಡೆದರೂ ಸರಿ ಎನಿಸಿತು. ಕದ್ದ ಹೊತ್ತು ತನ್ನದೆಂದು ಅವಳು ತಿಳಿದಿದ್ದಳು, ಅದು ಅವನದಾಗಿತ್ತು. ಮಗಳ ಕೊನೆಯ ಹೊತ್ತನ್ನು ಗಂಡನ ಕೈಯಿಂದ ಕಿತ್ತು ತಾನು ಇಟ್ಟುಕೊಂಡಿದ್ದಳು. ಇದನ್ನು ತೀರಿಸುವ ದಾರಿ ಯಾವುದೂ ಇಲ್ಲ ಎನ್ನುವುದು ಅವಳಿಗೆ ಚೆನ್ನಾಗಿ ಗೊತ್ತಿತ್ತು.

"ನನ್ನ ಕೇಳಿದ್ಲಾ?"

"ಕೇಳಿದ್ಲು. ತುಂಬ ಸಲ."

"ನೀನೇನಂದೆ?"

"ಹಲಗೆ ದಾಟಿದ್ರು ಅಂದೆ. ಬೀದಿ ತಿರುವಲ್ಲಿದಾರೆ ಅಂದೆ. ಕೊನೇಲಿ, ಬಂದ್ರು, ಕಾಲು ತೊಳೀತಿದಾರೆ ಅಂದೆ."

"ಅಂದ್ರೆ ನಾನು ಬಂದಿದೀನಿ ಅಂತಾನೇ ಹೋದ್ಲು."

"ಹೂಂ."

ಅವನು ತಲೆಯಾಡಿಸಿದ. ಆ ಮಾತು ಅವನಿಗೆ ಸಮಾಧಾನವಾಯಿತೋ ಇನ್ನಷ್ಟು ಸುಟ್ಟಿತೋ ಅವಳಿಗೆ ತಿಳಿಯಲಿಲ್ಲ. ಹೆಬ್ಬೆರಳಿನಿಂದ ಹಂಚಿನ ಮೇಲಿನ ಅಕ್ಷರಗಳನ್ನು ಒಂದೊಂದಾಗಿ ಸವರಿದ.

"ಎಲ್ಲರೂ ಅಂತ ಬರ್ದಿದೀಯ. ನಾನು ನಕ್ಕಿಲ್ಲ. ನಾನು ಇಲ್ಲಿದ್ದೆ."

"ಒಡೀರಿ. ಯಾರೂ ಏನೂ ಅನ್ನಲ್ಲ. ನಾನೂ ಅನ್ನಲ್ಲ."

ಅವನು ಸುತ್ತಿಗೆ ಎತ್ತಿದ. ಎತ್ತಿದ ಕೈ ಹಾಗೇ ನಿಂತಿತು.

"ಒಡೆದ್ರೆ ಅವಳು ಯಾವತ್ತು ಹೋದ್ಲು ಅಂತ ಹೇಳೋದು? ಬರಿ ಮೊಳೆ ತೋರ್ಸೋದಾ?"

ಇಟ್ಟುಕೊಂಡರೆ ಮಗಳು ಸತ್ತದ್ದು ಎಲ್ಲರೂ ನಕ್ಕ ದಿನ. ಒಡೆದರೆ ಅವಳು ಯಾವ ದಿನವೂ ಸಾಯಲಿಲ್ಲ. ಇದ್ದದ್ದು ಎರಡೇ. ಅವನು ಸುತ್ತಿಗೆಯನ್ನು ನೆಲಕ್ಕಿಟ್ಟ.

"ಅವಳು ನಕ್ಕಳಾ?"

"ನಕ್ಕಳು."

"ನಿಜ ಹೇಳು."

"ನಿಜವಾಗ್ಲೂ ನಕ್ಕಳು ರೀ."

"ಹಾಗಾದ್ರೆ ಉಳ್ದಿರೋದು ನಾನೊಬ್ನೇ," ಎಂದ. ಸ್ವಲ್ಪ ಸರಿದು ಪಕ್ಕದಲ್ಲಿ ಜಾಗ ಮಾಡಿದ. "ನಾನು ನಗೋವರ್ಗೂ ಈ ಹೆಸರು ಸುಳ್ಳು. ಸುಳ್ಳು ಹಂಚು ನಾನು ಗೋಡೆಗೆ ಹಾಕಲ್ಲ. ಏನಾಯ್ತು ಅವತ್ತು? ಹೇಳು."

"ಅಪ್ಪಂಗೆ ನಾನೇ ಹೇಳ್ಬೇಕು, ನೀನು ಬಾಯಿ ಬಿಡ್ಬೇಡ ಅಂತ ಆಣೆ ಹಾಕಿಸ್ಕೊಂಡಿದಾಳೆ."

ಅವನ ಮುಖ ಒಮ್ಮೆ ಮುದುರಿ ಸರಿಯಾಯಿತು.

"ಅವಳು ಹೇಗೆ ಹೇಳ್ತಿದ್ಲೋ ಹಾಗೆ ಹೇಳು."

ಹೆಸರಮ್ಮ ಹೇಳತೊಡಗಿದಳು. ಮೊದಲು ಅವನ ಪಕ್ಕ ಕೂತೇ ಶುರು ಮಾಡಿದಳು. ಆಮೇಲೆ ಎದ್ದು ನಿಂತು, ಕೈ ಬೀಸಿ ಕಣ್ಣರಳಿಸಿ, ಇದ್ದದ್ದಕ್ಕೆ ಇಲ್ಲದ್ದು ಸೇರಿಸಿ ಹೇಳಿದಳು. ಅಧ್ಯಕ್ಷರ ಹೊಟ್ಟೆ ಕೊಪ್ಪರಿಗೆಯ ಬಾಯಲ್ಲಿ ಸಿಕ್ಕಿಕೊಂಡಿತು ಎಂದಳು, ನಾಯಿಗೆ ನೀಲಿ ಸೀನು ಬಂತು ಎಂದಳು. ಓಣಿಯಾಚೆ ನಿಂತವರಿಗೆ ಎಲ್ಲ ಕೇಳಿಸುತ್ತಿತ್ತು. ಅವಳು ಕುಣಿದಳು, ಮೈ ಕೊಡವಿದಳು, ಮುಖ ಗಂಟು ಹಾಕಿ, "ಮುಚ್ಚಳ ಸರಿಯಿಲ್ಲ" ಎಂದಳು.

"ಇಲ್ಲಿ ನಕ್ಕಳು," ಎಂದಳು.

ಗಂಡ ಬಾಯಿ ತೆರೆದ. ತುಟಿ ಅಗಲವಾಯಿತು, ಹಲ್ಲು ಕಂಡವು, ಹೊಟ್ಟೆ ಕುಲುಕಿತು. ಹೊರಗೆ ಬಂದ ಸದ್ದು ಮಾತ್ರ ನಗುವಿನದಾಗಿರಲಿಲ್ಲ. ಹಂಚನ್ನು ಎದೆಗೊತ್ತಿಕೊಂಡು, ಮುದುಡಿ, ಆ ಸದ್ದು ನಿಲ್ಲುವವರೆಗೂ ಕೂತ. ಅವಳು ಮುಟ್ಟಲು ಧೈರ್ಯ ಸಾಲದೆ ಪಕ್ಕದಲ್ಲಿ ಕೂತಳು. ಓಣಿಯಾಚೆಯಿಂದ ಅಧ್ಯಕ್ಷರು ಮೆಲ್ಲಗೆ, "ಅವಸರ ಇಲ್ಲಪ್ಪ, ನಾವು ಇರ್ತೀವಿ," ಎಂದರು.

ಅವನು ತೋಳಿನಿಂದ ಮುಖ ಒರೆಸಿಕೊಂಡ.

"ನಗು ಬರ್ತಿಲ್ಲ ಕಣೇ," ಎಂದ. "ಇನ್ನೊಂದ್ಸಲ ಹೇಳು."

ಅವಳು ಎದ್ದು ನಿಂತು, ಸೆರಗು ಸರಿಮಾಡಿಕೊಂಡು, ಮತ್ತೆ ಮೊದಲಿನಿಂದ ಶುರು ಮಾಡಿದಳು.